ಪಾಸ್ತಾ, ಖೀಮಾದುಂಡೆ ಮತ್ತು ನಿನ್ನೆಯ ಪಾವು

ಕ್ಯಾಸರೋಲ್ ಎಂಬ ಶಬ್ದ ನಮ್ಮ ಮನೆಗಳಿಗೆ ಹೊಸದಲ್ಲ. ಚಪಾತಿ ಆರದಂತೆ ಮುಚ್ಚಿಡುವ, ಹೊರಗೆ ಪ್ಲಾಸ್ಟಿಕ್ಕೂ ಒಳಗೆ ಸ್ಟೀಲೂ ಇರುವ ಡಬ್ಬಿಗೆ ಆ ಹೆಸರನ್ನು ಕೊಟ್ಟುಕೊಂಡು ಬಹಳ ಕಾಲವಾಯಿತು. ಮದುವೆಯ ಉಡುಗೊರೆಗಳನ್ನು ಬಿಚ್ಚಿದರೆ ಎರಡಾದರೂ ಸಿಗುತ್ತವೆ. ಫ್ರೆಂಚರಲ್ಲಿ ಅದು ಬೇಯಿಸುವ ಪಾತ್ರೆಯ ಹೆಸರು. ಇಂಗ್ಲಿಷಿಗೆ ಬಂದ ಮೇಲೆ ಪಾತ್ರೆಯ ಹೆಸರೇ ಪದಾರ್ಥಕ್ಕೂ ನಿಂತಿತು: ಓವನ್ನಿನಲ್ಲಿ ಬೇಯಿಸಿ, ಬೇಯಿಸಿದ ಪಾತ್ರೆಯಲ್ಲಿಯೇ ಬಡಿಸುವ ಅಡುಗೆಯೆಲ್ಲ ಕ್ಯಾಸರೋಲ್. ಈ ವಾರ ಹೇಳಹೊರಟಿರುವುದು ಆ ಎರಡನೆಯ ಅರ್ಥದ ಕ್ಯಾಸರೋಲಿನ ವಿಷಯ. ಅರೆಬೆಂದ ಪಾಸ್ತಾ, ಟೊಮೇಟೊ ಗೊಜ್ಜು, ಖೀಮಾದ ಉಂಡೆಗಳು, ಮೇಲೆ ಕರಗಿ ಕೆಂಪೇರಿದ ಚೀಸು. ಪುಣೆಗೋ ಬೆಂಗಳೂರಿಗೋ ಓದಲು ಹೋದ ಮಕ್ಕಳು ರಜೆಗೆ ಬಂದಾಗ ಇದನ್ನು ಕೇಳುತ್ತಾರೆ. ಮನೆಯ ಹಿರಿಯರು, ಅದು ನಮ್ಮ ಅಡುಗೆಯಲ್ಲ, ಬೇಕಾದರೆ ಹೋಟೆಲಿಗೆ ಹೋಗಿ ಎನ್ನುತ್ತಾರೆ.

ನಮ್ಮ ಅಡುಗೆಯಲ್ಲ ಎನ್ನುವ ಮಾತು ಎಷ್ಟರ ಮಟ್ಟಿಗೆ ನಿಜ? ಸೊಲ್ಲಾಪುರ, ಅಕ್ಕಲಕೋಟೆ, ಜತ್ತದ ಕಪ್ಪು ನೆಲದಲ್ಲಿಯೂ ಗಡಿಯಾಚೆಯ ವಿಜಯಪುರ, ಕಲಬುರಗಿ, ಧಾರವಾಡಗಳಲ್ಲಿಯೂ ಹಿಂಗಾರಿನ ಪೈರಾಗಿ ಜವೆ ಗೋಧಿಯನ್ನು ಬಿತ್ತುತ್ತಿದ್ದರು; ಮೊದಲಿನಷ್ಟಲ್ಲದಿದ್ದರೂ ಇಂದಿಗೂ ಬಿತ್ತುತ್ತಾರೆ. ಗಟ್ಟಿ ಕಾಳು, ಜೇನಿನ ಬಣ್ಣ, ಬೆಳಕಿಗೆ ಹಿಡಿದರೆ ಒಳಗಿನಿಂದ ಹೊಳೆಯುವ ಮೈ. ಬೀಸಿದರೆ ಹಿಟ್ಟಿಗಿಂತ ರವೆಯೇ ಹೆಚ್ಚು ಬೀಳುತ್ತದೆ. ಅಂಗಡಿಯಲ್ಲಿ ಬನ್ಸಿ ರವೆ ಎಂದು ಮಾರುವುದು ಇದನ್ನೇ. ಬೇಸಗೆಯಲ್ಲಿ ನಮ್ಮ ಅಜ್ಜಿಯರು ಕಟ್ಟಿಗೆಯ ಮಣೆಯ ಮೇಲೆ ಕುಳಿತು ಶಾವಿಗೆ ಹೊಸೆದದ್ದೂ, ಹಗ್ಗಕ್ಕೆ ಕೋಲಿಗೆ ಹರವಿ ಒಣಗಿಸಿದ್ದೂ ಈ ಗೋಧಿಯಿಂದಲೇ. ಸಸ್ಯಶಾಸ್ತ್ರದಲ್ಲಿ ಇದರ ಹೆಸರು ಡ್ಯೂರಮ್. ಲ್ಯಾಟಿನ್ ಭಾಷೆಯಲ್ಲಿ ಗಟ್ಟಿ ಎಂದಷ್ಟೇ ಅರ್ಥ. ಇಟಲಿಯ ಒಣ ಪಾಸ್ತಾ ಆಗುವುದೂ ಈ ಡ್ಯೂರಮ್ಮಿನ ರವೆಯಿಂದ. ನೇಪಲ್ಸ್ ನಗರದ ಸಮೀಪದ ಗ್ರಾನ್ಯಾನೊ ಎಂಬ ಊರಿನಲ್ಲಿ, ಕಾರ್ಖಾನೆಗಳು ಬಿಸಿಗಾಳಿಯ ಕೋಣೆಗಳನ್ನು ಕಟ್ಟಿಕೊಳ್ಳುವ ಮುನ್ನ, ಬೀದಿಯುದ್ದಕ್ಕೂ ಬಿದಿರುಗಳುಗಳ ಮೇಲೆ ಪಾಸ್ತಾದ ಎಳೆಗಳನ್ನು ಇಳಿಬಿಟ್ಟು ಕಡಲಗಾಳಿಗೆ ಒಣಗಿಸುತ್ತಿದ್ದರು. ಆ ಕಾಲದ ಛಾಯಾಚಿತ್ರಗಳನ್ನು ನಮ್ಮ ಯಾವ ಹಳ್ಳಿಯ ಮುದುಕಿಗೆ ತೋರಿಸಿದರೂ ಶಾವಿಗೆ ಎಂದೇ ಹೇಳಿಯಾಳು. ನಾವು ಸದಕ ಅಥವಾ ಖಪಲಿ ಎನ್ನುವ ಗೋಧಿಯೂ ಅಲ್ಲಿ ಉಂಟು. ಅವರು ಅದನ್ನು ಫಾರ್ರೊ ಎನ್ನುತ್ತಾರೆ.

ಮೆದು ಗೋಧಿಯ ಮೈದಾದಿಂದ ಮಾಡಿದ ಪಾಸ್ತಾ ಕುದಿಯುವ ನೀರಿನಲ್ಲಿ ಬೇಗ ಕದಡಿ ಅಂಟಾಗುತ್ತದೆ. ಜವೆ ಗೋಧಿಯದು ಆಕಾರ ಬಿಡದೆ ನಿಲ್ಲುತ್ತದೆ. ಇಟಲಿಯವರು ಇದನ್ನು ಕಾನೂನನ್ನಾಗಿಯೇ ಮಾಡಿಕೊಂಡರು. ಅಲ್ಲಿ ಮಾರುವ ಒಣ ಪಾಸ್ತಾ ಡ್ಯೂರಮ್ ರವೆಯದೇ ಆಗಿರತಕ್ಕದ್ದೆಂದು 1967ರಲ್ಲಿ ಕಟ್ಟಳೆ ಬಂತು. (ಅದೇ ವರ್ಷ ಇಲ್ಲಿ ಮಹಾಜನ ಆಯೋಗದ ವರದಿಯೂ ಬಂತು. ಪಾಸ್ತಾದ ಮೇರೆ ಇತ್ಯರ್ಥವಾಯಿತು, ನಮ್ಮದು ಆಗಲಿಲ್ಲ.) ಆದ್ದರಿಂದ ಅಂಗಡಿಯಲ್ಲಿ ಪೊಟ್ಟಣ ಕೊಳ್ಳುವಾಗ ಮುಂದಿನ ಚಿತ್ರವನ್ನು ಬಿಟ್ಟು ಹಿಂದಿನ ಸಣ್ಣಕ್ಷರವನ್ನು ಓದಬೇಕು. ಡ್ಯೂರಮ್ ಎಂಬ ಮಾತು ಮೊದಲಿಗೆ ಇದ್ದರೆ ಕೊಳ್ಳಿ. ಮೈದಾ ಮೊದಲಿಗೆ ಇದ್ದರೆ ಅಲ್ಲಿಯೇ ಬಿಡಿ. ಓವನ್ನಿನಲ್ಲಿ ಎರಡನೆಯ ಸಲ ಬೇಯಬೇಕಾದ ಈ ಅಡುಗೆಯಲ್ಲಿ ಮೈದಾದ ಪಾಸ್ತಾ ಅಂಬಲಿಯಾಗುತ್ತದೆ.

ಇನ್ನು ಉಂಡೆಯ ಮಾತು. ಈ ಅಡುಗೆಯ ಜೀವ ಚೀಸಿನಲ್ಲಿದೆ ಎಂದು ಬಹುಜನ ತಿಳಿದಿದ್ದಾರೆ. ನನ್ನ ಮಟ್ಟಿಗೆ ಅದು ಉಂಡೆಯಲ್ಲಿದೆ, ಉಂಡೆಯ ಜೀವ ಅದರೊಳಗಿನ ಹಳೆಯ ಬ್ರೆಡ್ಡಿನಲ್ಲಿದೆ. ಮಾಂಸಕ್ಕೆ ಬ್ರೆಡ್ಡು ಬೆರೆಸುವುದನ್ನು ಕಲಬೆರಕೆ ಎಂದು ತಿಳಿಯುವವರುಂಟು. ಅಪ್ಪಟ ಖೀಮಾದ ಉಂಡೆ ಎಂದು ಹೆಮ್ಮೆಯಿಂದ ಬಡಿಸುವ ಮನೆಗಳಲ್ಲಿ ತಿಂದು ನೋಡಿ. ಹಲ್ಲಿಗೆ ರಬ್ಬರಿನಂತೆ ಸಿಗುತ್ತದೆ. ಕಾರಣ ಸರಳವಾದುದು. ಮಾಂಸದ ಪ್ರೋಟೀನು ಕಾವಿಗೆ ಸಂಕೋಚಗೊಂಡು ತನ್ನೊಳಗಿನ ನೀರನ್ನು ಹಿಂಡಿ ಹೊರಗೆ ಹಾಕುತ್ತದೆ. ಹಾಲಿನಲ್ಲಿ ನೆನೆದ ಬ್ರೆಡ್ಡು ಆ ಎಳೆಗಳ ನಡುವೆ ಸೇರಿಕೊಂಡು ಅವು ಒಂದಕ್ಕೊಂದು ಬಿಗಿದುಕೊಳ್ಳದಂತೆ ತಡೆಯುತ್ತದೆ. ಹೊರಬಂದ ರಸವನ್ನು ತಾನೇ ಹೀರಿ ಹಿಡಿದುಕೊಳ್ಳುತ್ತದೆ. ಬೆರಕೆಯಿಂದಲೇ ಉಂಡೆ ಮೆತ್ತಗಾಗುವುದು.

ಈ ಉಪಾಯ ಬಲು ಹಳೆಯದು. ಎಪಿಸಿಯಸ್ ಎಂಬವನ ಹೆಸರಿನಲ್ಲಿ ಉಳಿದುಬಂದಿರುವ ಪ್ರಾಚೀನ ರೋಮಿನ ಪಾಕಗ್ರಂಥದಲ್ಲಿಯೇ ಕೊಚ್ಚಿದ ಮಾಂಸಕ್ಕೆ ದ್ರಾಕ್ಷಾರಸದಲ್ಲಿ ನೆನೆಸಿದ ಬ್ರೆಡ್ಡಿನ ತಿರುಳನ್ನು ಸೇರಿಸಿ ಜಜ್ಜುವ ಕ್ರಮ ಇದೆ. ನಮ್ಮ ಮುಸ್ಲಿಂ ಬಾಂಧವರ ಅಡುಗೆಮನೆಯ ಕೋಫ್ತಾ ಶಬ್ದದ ಮೂಲವಾದ ಪಾರಸೀ ಧಾತುವಿಗೂ ಕುಟ್ಟು, ಜಜ್ಜು ಎಂದೇ ಅರ್ಥ. ಇಟಲಿಯವರು ಇದನ್ನು ಪೊಲ್ಪೆತ್ತಾ ಎನ್ನುತ್ತಾರೆ. 1891ರಲ್ಲಿ ಪೆಲ್ಲೆಗ್ರೀನೊ ಆರ್ತೂಸಿ ಎಂಬವನು ಇಟಲಿಯ ಮನೆಮನೆಯನ್ನೂ ಸೇರಿದ ಪಾಕಶಾಸ್ತ್ರದ ಪುಸ್ತಕವನ್ನು ಪ್ರಕಟಿಸಿದನು. ಅದರಲ್ಲಿ ಪೊಲ್ಪೆತ್ತಾಕ್ಕೆ ಅವನು ಹೇಳುವುದು ಹೊಸ ಮಾಂಸವನ್ನಲ್ಲ, ಬೇಯಿಸಿ ಮಿಕ್ಕುಳಿದ ಮಾಂಸವನ್ನು. ಹೊಸದಾಗಿ ಕಲಿಸಬೇಕಾದ ಅಡುಗೆಯೆಂದು ಅವನು ಅದನ್ನು ಎಣಿಸಿಯೂ ಇರಲಿಲ್ಲ. ಒಂದು ಹಿಡಿ ಮಾಂಸ, ಎರಡು ಹಿಡಿ ಹಳೆಯ ಬ್ರೆಡ್ಡು, ಎಂಟು ಜನ ಉಣ್ಣುವವರು: ಲೆಕ್ಕ ಹೊಂದಿಸಿದವರು ಬಡಮನೆಯ ಹೆಂಗಸರು. ಅಬ್ರುಝೊ ಪ್ರಾಂತದಲ್ಲಿ ಮಾಂಸವೇ ಇಲ್ಲದೆ ಬರಿಯ ಬ್ರೆಡ್ಡು, ಚೀಸು, ಮೊಟ್ಟೆಗಳಿಂದ ಉಂಡೆ ಕಟ್ಟಿ ಟೊಮೇಟೊ ಗೊಜ್ಜಿನಲ್ಲಿ ಕುದಿಸುವುದೂ ಉಂಟು. ಅದಕ್ಕೂ ಉಂಡೆಯ ಹೆಸರೇ. ಯಾರೂ ಅದನ್ನು ನಕಲಿ ಎನ್ನುವುದಿಲ್ಲ.

ಪಾಸ್ತಾದೊಡನೆ ಮಾಂಸದುಂಡೆ ಬಡಿಸುವುದು ಇಟಲಿಯ ಪದ್ಧತಿಯೇ ಅಲ್ಲ, ಅದು ಅಮೆರಿಕದವರ ಅಪಭ್ರಂಶ ಎಂದು ಇಂದಿನ ಇಟಲಿಯ ಅಡಿಗೆಭಟ್ಟರು ಹಲವರು ಗೇಲಿ ಮಾಡುತ್ತಾರೆ. ಮಾತು ಅರ್ಧ ಸತ್ಯ. ಬಹಳ ಕಡೆ ಪೊಲ್ಪೆತ್ತಾವನ್ನು ಪಾಸ್ತಾ ಉಂಡಾದ ಮೇಲೆ ಬೇರೆಯಾಗಿ ಬಡಿಸುವುದು ನಿಜ. ಆದರೆ ದಕ್ಷಿಣಕ್ಕೆ ಇಳಿದಂತೆ ಚಿತ್ರ ಬದಲಾಗುತ್ತದೆ. ಅಬ್ರುಝೊದ ತೇರಮೊ ಸೀಮೆಯಲ್ಲಿ ಕಡಲೆಕಾಳಿನಷ್ಟು ಸಣ್ಣ ಉಂಡೆಗಳನ್ನು ಪಾಸ್ತಾದ ಗೊಜ್ಜಿಗೆ ಹಾಕುತ್ತಾರೆ. ನೇಪಲ್ಸಿನಲ್ಲಿ ಈಸ್ಟರಿಗೆ ಮುಂಚಿನ ನಲವತ್ತು ದಿನಗಳ ಉಪವಾಸವ್ರತ ಹಿಡಿಯುವ ಮುನ್ನ, ಕಾರ್ನಿವಲ್ ಹಬ್ಬದ ಕೊನೆಯ ದಿನ, ಪಾಸ್ತಾದ ಹಾಳೆಗಳ ನಡುವೆ ಪುಟ್ಟ ಮಾಂಸದುಂಡೆ, ರಿಕೋತ್ತಾ ಎಂಬ ಮೆದು ಚೀಸು, ಮಾಂಸದ ಗೊಜ್ಜು ಇವನ್ನು ಪದರಪದರವಾಗಿ ಹಾಕಿ ಸುಟ್ಟು ಲಸಾನ್ಯಾ ಮಾಡುತ್ತಾರೆ. ಮುಂದೆ ಮಾಂಸ ಮುಟ್ಟುವಂತಿಲ್ಲವಾದ್ದರಿಂದ ಮನೆಯಲ್ಲಿದ್ದುದೆಲ್ಲ ಅಂದೇ ಪಾತ್ರೆಗೆ ಬೀಳುತ್ತದೆ. ಶ್ರಾವಣಕ್ಕೆ ಮುಂಚಿನ ಅಮಾವಾಸ್ಯೆಯನ್ನು ಮಹಾರಾಷ್ಟ್ರದಲ್ಲಿ ಆಚರಿಸುವುದನ್ನು ಕಂಡ ನಮಗೆ ಇದನ್ನು ವಿವರಿಸಬೇಕಾಗಿಲ್ಲ. ಪುಲಿಯಾ ಪ್ರಾಂತದಲ್ಲಿಯೂ ಹಬ್ಬದ ದಿನದ ಸುಟ್ಟ ಪಾಸ್ತಾದೊಳಗೆ ಇಂಥದೇ ಉಂಡೆಗಳು ಇರುತ್ತವೆ. ನಮ್ಮ ಕ್ಯಾಸರೋಲಿನ ನಿಜವಾದ ಹಿರಿಯರು ಇವರು.

ಈ ದಕ್ಷಿಣದ ಜನವೇ 1880ರಿಂದ 1924ರವರೆಗಿನ ಅವಧಿಯಲ್ಲಿ ಹಡಗು ಹತ್ತಿ ಅಮೆರಿಕಕ್ಕೆ ಹೋದದ್ದು. ಆ ಅವಧಿಯಲ್ಲಿ ಇಟಲಿಯಿಂದ ಅಲ್ಲಿಗೆ ಹೋದವರು 40 ಲಕ್ಷಕ್ಕೂ ಮಿಕ್ಕು, ಬಹುಪಾಲು ದಕ್ಷಿಣದ ಒಕ್ಕಲಿಗರು, ಕೂಲಿಗಳು. 1924ರ ಕಾನೂನು ಆ ಬಾಗಿಲನ್ನು ಹೆಚ್ಚುಕಡಿಮೆ ಮುಚ್ಚಿತು. ಊರಿನಲ್ಲಿ ಹಬ್ಬಕ್ಕಷ್ಟೇ ಕಾಣುತ್ತಿದ್ದ ಮಾಂಸ ಅಲ್ಲಿ ಕೂಲಿಯವನ ಕೈಗೂ ಎಟುಕಿತು. ಕಡಲೆಕಾಳಿನ ಗಾತ್ರದ ಉಂಡೆ ನಿಂಬೆಯಾಯಿತು, ಕೆಲವೆಡೆ ಕಿತ್ತಳೆಯಾಯಿತು. ಗೊಜ್ಜಿಗೆ ಡಬ್ಬಿಯ ಟೊಮೇಟೊ ಬಂತು. ನೇಪಲ್ಸ್ ಕಡೆ ಮದುವೆಯ ಊಟಕ್ಕೆಂದೇ ಇದ್ದ ಝೀತಿ ಎಂಬ ಕೊಳವೆ ಪಾಸ್ತಾ (ಅಲ್ಲಿಯ ಆಡುಮಾತಿನಲ್ಲಿ ಝೀತಾ ಎಂದರೆ ಮದುವಣಗಿತ್ತಿ) ನ್ಯೂಯಾರ್ಕಿನ ಭಾನುವಾರದ ಊಟವಾಗಿ, ಚೀಸು ಹೊದ್ದು, ಓವನ್ನು ಹೊಕ್ಕಿತು. ಇಂದು ಲೋಕವೆಲ್ಲ ತಿನ್ನುವ ಕ್ಯಾಸರೋಲು ಅದರ ಮಗಳು.

ಅವರ ಅಡುಗೆಗೆ ಆದ ಗೇಲಿ ಅವರ ಮಾತಿಗೂ ಆಯಿತು. ಆ ವಲಸಿಗರ ಮೊಮ್ಮಕ್ಕಳು ರಿಕೋತ್ತಾವನ್ನು ರಿಗಾಟ್ ಎನ್ನುತ್ತಾರೆ, ಕಾಪೊಕೊಲ್ಲೊ ಎಂಬ ಹದವಿಟ್ಟ ಮಾಂಸವನ್ನು ಗಬಗೂಲ್ ಎನ್ನುತ್ತಾರೆ. ರೋಮಿನಿಂದ ಬಂದ ಓದಿದವನು ಕೇಳಿ ನಗುತ್ತಾನೆ: ಇದೆಂಥ ಇಟಾಲಿಯನ್! ನಗುವವನಿಗೆ ಗೊತ್ತಿಲ್ಲದಿರುವುದೇನೆಂದರೆ, ಆ ಜನ ಹಡಗು ಹತ್ತಿದ ಕಾಲದಲ್ಲಿ ಇಟಲಿಯ ಬಹುಪಾಲು ಮಂದಿ ಆಡುತ್ತಿದ್ದುದು ಶಿಷ್ಟ ಇಟಾಲಿಯನ್ ಅಲ್ಲ, ತಮ್ಮ ತಮ್ಮ ಊರಿನ ನುಡಿ. ಕೊನೆಯ ಸ್ವರವನ್ನು ನುಂಗುವುದು, ಕಕಾರವನ್ನು ಗಕಾರದತ್ತ ಎಳೆಯುವುದು ನೇಪಲ್ಸ್ ಸೀಮೆಯ ಹಳೆಯ ರೂಢಿ. ಊರಿನಲ್ಲಿ ಶಾಲೆ, ರೇಡಿಯೋ, ಟೆಲಿವಿಷನ್ನುಗಳು ಅದನ್ನು ತಿದ್ದಿದವು; ಕಡಲಾಚೆ ಅಡುಗೆಮನೆಯಲ್ಲಿ ಅದು ಹಾಗೆಯೇ ಉಳಿಯಿತು. ನಾವು ಬೆಂಗಳೂರಿಗೆ ಹೋಗಿ ಉಳ್ಳಾಗಡ್ಡಿ, ಬಳ್ಳೊಳ್ಳಿ ಎಂದಾಗ, ನಡುವೆ ಒಂದು ಮರಾಠಿ ಶಬ್ದ ಜಾರಿದಾಗ, ನಿಮ್ಮದು ಬೆರಕೆ ಕನ್ನಡ ಎನ್ನುವವರ ಮುಖ ಈ ಕಾರಣಕ್ಕೆ ನನಗೆ ನೆನಪಾಯಿತು. ಅವರಿಗೂ ಒಂದು ತಟ್ಟೆ ಬಡಿಸೋಣ. ಈಗ ಒಲೆಯತ್ತ ಹೋಗೋಣ.

ಆರು ಜನರಿಗೆ ಸಾಕಾಗುವ ಲೆಕ್ಕ ಇದು. ಇಟಲಿಯಲ್ಲಿ ಉಂಡೆಗೆ ದನದ ಮತ್ತು ಹಂದಿಯ ಮಾಂಸವನ್ನು ಬೆರೆಸುತ್ತಾರೆ. ನಮ್ಮ ಕಡೆ ಆಡಿನ ಖೀಮಾ ಸಲ್ಲುತ್ತದೆ. ಅರ್ಧ ಕಿಲೋ ಸಾಕು. ಅದರಲ್ಲಿ ಐದರಲ್ಲೊಂದು ಪಾಲು ಕೊಬ್ಬು ಇರಲೆಂದು ಕಟುಕನಿಗೆ ಮೊದಲೇ ಹೇಳಬೇಕು. ಬರಿಯ ತೊಡೆಯ ಮಾಂಸವನ್ನು ಕೊಚ್ಚಿಸಿದರೆ ಏನು ಬೆರೆಸಿದರೂ ಒಣಗುತ್ತದೆ. ನಿನ್ನೆಯ ಎರಡು ಪಾವುಗಳನ್ನು ಮುರಿದು ಅರ್ಧ ಬಟ್ಟಲು, ಎಂದರೆ ಸುಮಾರು 100 ಮಿಲಿಲೀಟರ್, ಹಾಲಿನಲ್ಲಿ ಹತ್ತು ನಿಮಿಷ ನೆನೆಸಿ, ಗಂಟಿಲ್ಲದಂತೆ ಕೈಯಿಂದ ಕಿವುಚಿಕೊಳ್ಳಿ. ಪಾವು ನಿನ್ನೆಯದೇ ಆಗಬೇಕು. ಇಂದಿನ ಪಾವು ಹಾಲು ಕುಡಿದರೆ ಅಂಟಾಗುತ್ತದೆ. ಒಣಗಿದ್ದು ಸ್ಪಂಜಿನಂತೆ ಹೀರುತ್ತದೆ. ಇದಕ್ಕೆ ಒಂದು ಮೊಟ್ಟೆ, ಸಣ್ಣಗೆ ತುರಿದ ಒಂದು ಸಣ್ಣ ಉಳ್ಳಾಗಡ್ಡಿ, ಜಜ್ಜಿದ ಮೂರು ಎಸಳು ಬಳ್ಳೊಳ್ಳಿ, ಒಂದು ಹಿಡಿ ಕೊತ್ತಂಬರಿ, ಅರ್ಧ ಚಮಚ ಕುಟ್ಟಿದ ಮೆಣಸು, ಒಂದು ಚಮಚ ಉಪ್ಪು, ತುರಿದ ಗಟ್ಟಿ ಚೀಸು 40 ಗ್ರಾಂ ಸೇರಿಸಿ ಕಲಸಿ. ಗರಂ ಮಸಾಲೆ ಬೇಡ. ಹಾಕಿದರೆ ಕೆಡುವುದೇನೂ ಇಲ್ಲ, ಆದರೆ ಆಗ ಅದು ಕೋಫ್ತಾ. ಅದರ ದಾರಿ ಬೇರೆ, ಅದಕ್ಕೆ ಪಾಸ್ತಾ ಜೊತೆಯಲ್ಲ.

ಖೀಮಾವನ್ನು ಎಲ್ಲಕ್ಕೂ ಕೊನೆಗೆ ಸೇರಿಸಬೇಕು. ಬೆರಳ ತುದಿಯಿಂದ, ಅವಲಕ್ಕಿಗೆ ಒಗ್ಗರಣೆ ಕಲಸುವ ಹಾಗೆ, ಬೆರೆತಿತೆಂದು ಕಂಡೊಡನೆ ಕೈ ತೆಗೆಯಿರಿ. ಜೋಳದ ರೊಟ್ಟಿಯ ಹಿಟ್ಟನ್ನು ಅಂಗೈಯಿಂದ ಒತ್ತಿ ಒತ್ತಿ ನಾದಿ ರೂಢಿಯಾದವರಿಗೆ ಇದು ಕಠಿಣ, ಕೈ ತಾನಾಗಿಯೇ ನಾದುತ್ತದೆ. ನಾದಬಾರದು. ಉಪ್ಪು ಬಿದ್ದ ಮಾಂಸವನ್ನು ಹೆಚ್ಚು ತಿಕ್ಕಿದರೆ ಅದರೊಳಗಿನ ಪ್ರೋಟೀನು ಕರಗಿ ಬಂದು ಅಂಟಿನಂತೆ ಹೆಪ್ಪುಗಟ್ಟುತ್ತದೆ. ಪಾವು ಮಾಡಿದ ಉಪಕಾರವನ್ನೆಲ್ಲ ಅದು ಅಳಿಸಿಬಿಡುತ್ತದೆ. ಕೈಗೆ ನೀರು ಹಚ್ಚಿಕೊಂಡು ಸಣ್ಣ ನಿಂಬೆಯಷ್ಟು ದಪ್ಪಕ್ಕೆ ಮೂವತ್ತು ಉಂಡೆ ಕಟ್ಟಿ, ಅರ್ಧ ಗಂಟೆ ತಂಪಿನಲ್ಲಿಡಿ. ಆಮೇಲೆ ಅಗಲ ಕಬ್ಬಿಣದ ಬಾಣಲೆಯಲ್ಲಿ ಮೂರು ಚಮಚ ಎಣ್ಣೆ ಕಾಯಿಸಿ, ಒಂದಕ್ಕೊಂದು ತಾಗದಂತೆ ಇಟ್ಟು, ಸುತ್ತ ಕೆಂಪಾಗುವಷ್ಟು ಹುರಿಯಿರಿ. ಒಳಗೆ ಬೇಯಬೇಕಾಗಿಲ್ಲ, ಮುಂದೆ ಗೊಜ್ಜು ಇದೆ, ಓವನ್ನು ಇದೆ.

ಗೊಜ್ಜಿಗೆ ಪೂರ್ಣ ಹಣ್ಣಾದ ಟೊಮೇಟೊ ಒಂದೂಕಾಲು ಕಿಲೋ. ಕುದಿಯುವ ನೀರಿನಲ್ಲಿ ಒಂದು ನಿಮಿಷ ಮುಳುಗಿಸಿ ಸಿಪ್ಪೆ ತೆಗೆದು ಕೈಯಿಂದಲೇ ಕಿವುಚಿ; ಮಿಕ್ಸರಿಗೆ ಹಾಕಿದರೆ ಗಾಳಿ ಸೇರಿ ನಸುಗೆಂಪಾಗುತ್ತದೆ. ಇಟಲಿಯ ಗೊಜ್ಜೆಂದರೆ ಟೊಮೇಟೊ ಎಂದು ನಾವು ತಿಳಿದಿದ್ದೇವೆ. ಆ ಹಣ್ಣು ಅಮೆರಿಕ ಖಂಡದಿಂದ ಅಲ್ಲಿಗೆ ಹೋದ ವಲಸಿಗ. ನೇಪಲ್ಸಿನಲ್ಲಿ 1690ರ ದಶಕದಲ್ಲಿ ಅಂತೋನಿಯೊ ಲತೀನಿ ಅಚ್ಚುಹಾಕಿಸಿದ ಪಾಕಗ್ರಂಥದಲ್ಲಿ ಟೊಮೇಟೊ ಗೊಜ್ಜು ಇದೆ, ಆದರೆ ಅದನ್ನು ಸ್ಪೇನಿನ ರೀತಿಯದು ಎಂದು ಕರೆದಿದೆ. ಉಂಡೆ ಹುರಿದ ಬಾಣಲೆಯಲ್ಲಿಯೇ, ತಳದ ಕರಕನ್ನು ಬಿಡಿಸಿಕೊಳ್ಳುತ್ತ, ಒಂದು ಉಳ್ಳಾಗಡ್ಡಿ, ಐದು ಎಸಳು ಬಳ್ಳೊಳ್ಳಿ ಬಾಡಿಸಿ, ಟೊಮೇಟೊ ಸುರಿದು, ಉಪ್ಪು ಹಾಕಿ ಸಣ್ಣ ಉರಿಯಲ್ಲಿ ಅರ್ಧ ಗಂಟೆ ಕುದಿಸಿ. ನಾಟಿ ಟೊಮೇಟೊ ಹುಳಿಯಾಗಿದ್ದರೆ ಅಡಿಕೆಯಷ್ಟು ಬೆಲ್ಲ ಸಾಕು. ಇಟಲಿಯವರು ಬಾಸಿಲ್ ಎಲೆ ಹಾಕುತ್ತಾರೆ. ತುಳಸಿ ಅದಕ್ಕೆ ಬದಲಾಗದು, ಅದರ ಲವಂಗದಂಥ ಘಾಟು ಬೇರೆ. ಆದರೆ ನಮ್ಮ ಕಾಮಕಸ್ತೂರಿ ಬಾಸಿಲಿನ ಜಾತಿಯೇ. ಬೇಸಗೆಯ ಫಾಲೂದಾಕ್ಕೆ ಸಬ್ಜಾ ಎಂದು ನೆನೆಸುವುದು ಅದರ ಬೀಜವನ್ನು. ಹಿತ್ತಲಲ್ಲಿ ಇದ್ದರೆ ಹತ್ತು ಎಲೆ ಕೊನೆಗೆ ಹರಿದು ಹಾಕಿ. ಉಂಡೆಗಳನ್ನು ಇದರಲ್ಲಿ ಬಿಟ್ಟು ಹದಿನೈದು ನಿಮಿಷ ಸಣ್ಣಗೆ ಕುದಿಸಿದರೆ ಒಳಗೂ ಬೇಯುತ್ತವೆ. ಒಂದನ್ನು ಮುರಿದು ನೋಡಿ: ನಡುವೆ ನಸುಗೆಂಪು ಉಳಿದಿರಬಾರದು. ಇಡಿಯ ಮಾಂಸದ ತುಂಡಿಗೆ ಹೊರಮೈಯಲ್ಲಷ್ಟೇ ಇರುವ ಸೂಕ್ಷ್ಮಾಣುಗಳು ಕೊಚ್ಚುವಾಗ ಒಳಗೆಲ್ಲ ಹರಡುತ್ತವೆ. ಆದ್ದರಿಂದ ಖೀಮಾ ನಡುವಿನವರೆಗೂ 71 ಡಿಗ್ರಿ ಸೆಲ್ಸಿಯಸ್ ಕಾವು ಕಾಣಬೇಕು.

ಗೊಜ್ಜು ಅನ್ನಕ್ಕೆ ಹಾಕಿಕೊಳ್ಳುವಷ್ಟು ತೆಳ್ಳಗೆ ಇರಲಿ. ಗಟ್ಟಿ ಗೊಜ್ಜಿನೊಡನೆ ಓವನ್ನಿಗೆ ಹೋದ ಪಾಸ್ತಾ ಒಣಗಿ ಹೊರಬರುತ್ತದೆ, ಏಕೆಂದರೆ ಅದು ಅಲ್ಲಿಯೂ ನೀರು ಕುಡಿಯುತ್ತದೆ. ಪಾಸ್ತಾವನ್ನು, ಪೆನ್ನೆ ಅಥವಾ ಅಂಥ ಯಾವುದಾದರೂ ಕೊಳವೆ 400 ಗ್ರಾಂ, ನಾಲ್ಕು ಲೀಟರ್ ನೀರಿಗೆ ಎರಡು ದೊಡ್ಡ ಚಮಚ ಉಪ್ಪು ಹಾಕಿ, ಪೊಟ್ಟಣದ ಮೇಲೆ ಹೇಳಿದ್ದಕ್ಕಿಂತ ಮೂರು ನಿಮಿಷ ಮೊದಲೇ ಬಸಿಯಬೇಕು. ಹಲ್ಲಿಗೆ ನಡುವೆ ಗಟ್ಟಿ ಸಿಗಬೇಕು. ಬಸಿದ ನೀರನ್ನು ಒಂದು ಲೋಟ ಎತ್ತಿಡಿ.

ಚೀಸಿನ ಬಗ್ಗೆ ಎರಡು ಮಾತು. ಮನೆಯಲ್ಲಿ ಪನೀರು ಇದೆ, ಅದನ್ನೇ ತುರಿದು ಹಾಕಿದರಾಗದೇ ಎಂದು ಕೇಳುವುದುಂಟು. ಹಾಕಬಹುದು, ಕರಗುವುದಿಲ್ಲ. ಕಾದ ಹಾಲಿಗೆ ಹುಳಿ ಹಿಂಡಿ ಒಡೆಸಿದಾಗ ಹಾಲಿನ ಪ್ರೋಟೀನುಗಳನ್ನು ಹಿಡಿದಿಟ್ಟಿದ್ದ ಕ್ಯಾಲ್ಸಿಯಂ ನೀರಿನೊಡನೆ ಹೊರಟುಹೋಗುತ್ತದೆ, ಪ್ರೋಟೀನುಗಳು ಒಂದನ್ನೊಂದು ಬಿಗಿಯಾಗಿ ಅಪ್ಪಿಕೊಳ್ಳುತ್ತವೆ. ಮುಂದೆ ಎಷ್ಟು ಕಾಯಿಸಿದರೂ ಕೆಂಪಾಗುತ್ತವೆಯೇ ಹೊರತು ಹರಿಯುವುದಿಲ್ಲ. ಮೊಝರೆಲ್ಲಾದಲ್ಲಿ ಹೆಪ್ಪಿನ ಕಿಣ್ವದಿಂದ ಹಾಲು ಕಟ್ಟಿಸಿ, ನಿಧಾನವಾಗಿ ಹುಳಿ ಏರಲು ಬಿಟ್ಟು, ಬಿಸಿನೀರಿನಲ್ಲಿ ಎಳೆದು ನಾದುತ್ತಾರೆ. ಕ್ಯಾಲ್ಸಿಯಂ ಬೇಕಾದಷ್ಟೇ ಉಳಿದು ಎಳೆ ಎಳೆಯಾಗಿ ಜಗ್ಗುತ್ತದೆ. ಇಟಲಿಯ ಕಂಪಾನಿಯಾದಲ್ಲಿ ಅದನ್ನು ಎಮ್ಮೆಯ ಹಾಲಿನಿಂದ ಮಾಡುವುದು ಪ್ರಸಿದ್ಧ. ಎಮ್ಮೆ ಕಟ್ಟುವ ನಮ್ಮ ಸೀಮೆಯಲ್ಲಿ ಇದನ್ನು ಮಾಡುವವರು ಏಳಬಾರದೇಕೆ ಎಂದು ನನಗೆ ಹಲವು ಸಲ ಅನ್ನಿಸಿದೆ. ಚೌಕ ಚೌಕವಾಗಿ ಬರುವ ಸಂಸ್ಕರಿಸಿದ ಚೀಸು ಲವಣಗಳ ಬಲದಿಂದ ನುಣ್ಣಗೆ ಕರಗುತ್ತದೆ, ಜಗ್ಗುವುದಿಲ್ಲ. ಸ್ವಲ್ಪ ಬೆರೆಸಿದರೆ ಉಪ್ಪಿನ ರುಚಿ ಬರುತ್ತದೆ. ಒಟ್ಟು 250 ಗ್ರಾಂ ಮೊಝರೆಲ್ಲಾ, 50 ಗ್ರಾಂ ಗಟ್ಟಿ ಚೀಸು ಸಾಕು. ಅರ್ಧ ಕಿಲೋ ಸುರಿದು ಎಣ್ಣೆಯ ಕೆರೆ ಮಾಡುವುದು ಹೋಟೆಲಿನವರ ಕೆಲಸ. ಇನ್ನೊಂದು ಸಂಗತಿ: ಇಟಲಿಯ ಪಾರ್ಮೆಜಾನ್ ಚೀಸಿಗೆ ಕರುವಿನ ಹೊಟ್ಟೆಯ ಹೆಪ್ಪನ್ನು ಬಳಸುತ್ತಾರೆ. ಮಾಂಸ ಮುಟ್ಟದವರು ಹಸಿರು ಚುಕ್ಕೆ ನೋಡಿಯೇ ಕೊಳ್ಳಬೇಕು.

ಸುಮಾರು ಒಂದಡಿ ಉದ್ದದ, ಅಂಚಿರುವ ಗಾಜಿನ ಅಥವಾ ಅಲ್ಯುಮಿನಿಯಂ ಪಾತ್ರೆಗೆ (ಚಪಾತಿಯ ಕ್ಯಾಸರೋಲನ್ನು ಮಾತ್ರ ಯಾರೂ ಓವನ್ನಿಗೆ ಇಡಬಾರದು) ಎಣ್ಣೆ ಸವರಿ, ಒಂದು ಸೌಟು ಗೊಜ್ಜು ಹರಡಿ. ಪಾಸ್ತಾಕ್ಕೆ ಗೊಜ್ಜಿನ ಮೂರರಲ್ಲೆರಡು ಪಾಲು, ಬಸಿದ ನೀರು ಬೇಕಾದಷ್ಟು ಕಲಸಿ, ಅರ್ಧವನ್ನು ಕೆಳಗೆ ಹಾಸಿ. ಅದರ ಮೇಲೆ ಉಂಡೆ, ಒಂದು ಹಿಡಿ ಚೀಸು. ಮತ್ತೆ ಪಾಸ್ತಾ, ಉಳಿದ ಗೊಜ್ಜು, ಉಳಿದ ಚೀಸು. ಮುಂಚಿತವಾಗಿ 190 ಡಿಗ್ರಿಗೆ ಕಾಯಿಸಿದ ಓವನ್ನಿನಲ್ಲಿ ಮೊದಲು ಹದಿನೈದು ನಿಮಿಷ ಬೆಳ್ಳಿಕಾಗದ ಮುಚ್ಚಿ, ಆಮೇಲೆ ಹದಿನೈದು ನಿಮಿಷ ತೆರೆದು ಬೇಯಿಸಿ. ಅಂಚಿನಲ್ಲಿ ಗೊಜ್ಜು ಕೊತಕೊತ ಕುದಿದು ಮೇಲೆ ಅಲ್ಲಲ್ಲಿ ಕಂದು ಕಲೆ ಬಿದ್ದರೆ ಆಯಿತು. ತೆಗೆದ ಕೂಡಲೇ ಬಡಿಸಬೇಡಿ. ಹದಿನೈದು ನಿಮಿಷ ಬಿಟ್ಟರೆ ಗೊಜ್ಜು ಪಾಸ್ತಾದೊಳಗೆ ಇಳಿದು, ಚಾಕುವಿಗೆ ತುಂಡಾಗಿ ಬರುತ್ತದೆ.

ಓವನ್ನಿಲ್ಲದ ಮನೆಗಳೇ ನಮ್ಮಲ್ಲಿ ಹೆಚ್ಚು. ಇಟಲಿಯ ಅಜ್ಜಿಯರಿಗೂ ಇರಲಿಲ್ಲ. ಅಲ್ಲಿ ಊರಿಗೊಂದು ಸಾರ್ವಜನಿಕ ಬಟ್ಟಿ. ಹಿಟ್ಟನ್ನೂ ಹಬ್ಬದ ಪಾತ್ರೆಯನ್ನೂ ಅಲ್ಲಿಗೆ ಹೊತ್ತೊಯ್ಯುತ್ತಿದ್ದರು. ಮತೇರಾ ಎಂಬ ಊರಿನಲ್ಲಿ ಯಾರ ಬ್ರೆಡ್ಡು ಯಾರದೆಂದು ತಿಳಿಯಲು ಮನೆಮನೆಗೂ ಕಟ್ಟಿಗೆಯ ಮುದ್ರೆಯಿತ್ತು. ದೀಪಾವಳಿಗೆ ಮುನ್ನ ಹಿಟ್ಟು, ತುಪ್ಪ, ಸಕ್ಕರೆಗಳನ್ನು ಬೇಕರಿಗೆ ಒಯ್ದು, ಸಾಲಿನಲ್ಲಿ ಕಾದು, ನಾನ್‌ಖಟಾಯಿ ಸುಡಿಸಿಕೊಂಡು ಬಂದ ನಮಗೆ ಇದು ಅಪರಿಚಿತವೇನಲ್ಲ. ಪರಿಚಯದ ಬೇಕರಿಯವನು ಮಧ್ಯಾಹ್ನ ಬಟ್ಟಿ ಖಾಲಿಯಿದ್ದಾಗ ಒಂದು ಪಾತ್ರೆಗೆ ಜಾಗ ಕೊಡುತ್ತಾನೋ ಕೇಳಿ ನೋಡಿ. ಇಲ್ಲವಾದರೆ ಹಳೆಯ ದಪ್ಪ ತಳದ ಪಾತ್ರೆಯಲ್ಲಿ ಒಂದು ಅಂಗುಲ ಉಪ್ಪು ಹಾಸಿ, ಮೇಲೊಂದು ಅಡಕಲು ಇಟ್ಟು, ಮುಚ್ಚಿ ಹತ್ತು ನಿಮಿಷ ಕಾಯಿಸಿ, ಅದರೊಳಗೆ ಕ್ಯಾಸರೋಲಿನ ಪಾತ್ರೆ ಇಳಿಸಿ ಸಣ್ಣ ಉರಿಯಲ್ಲಿ ಅರ್ಧ ಗಂಟೆ ಇಡಿ. ಚೀಸು ಕರಗುತ್ತದೆ, ಕೆಂಪಾಗುವುದಿಲ್ಲ. ಕೆಂಪು ಬೇಕಿದ್ದರೆ ಮೇಲೂ ಕೆಂಡ ಬೇಕು: ಅಗಲವಾದ ಕಬ್ಬಿಣದ ಹಂಚಿನ ಮೇಲೆ ನಿಗಿನಿಗಿ ಕೆಂಡ ಹಾಕಿ ಪಾತ್ರೆಯ ಬಾಯಿಗೆ ಹತ್ತು ನಿಮಿಷ ಮುಚ್ಚಿ. ಹೊರಗೆ ಅಂಗಳದಲ್ಲಿ ಮಾಡಿ, ಮಕ್ಕಳನ್ನು ದೂರವಿಡಿ.

ಮಾಂಸವಿಲ್ಲದ ಮನೆಗಳಿಗೆ, ಅವು ನಮ್ಮ ಓದುಗರಲ್ಲಿ ಬಹಳವಿವೆ, ದಾರಿ ಎರಡು. ಮೊಟ್ಟೆ ತಿನ್ನುವವರು ಅಬ್ರುಝೊದ ಕ್ರಮ ಹಿಡಿಯಬಹುದು: ಹಳೆಯ ಪಾವಿನ ಪುಡಿ 150 ಗ್ರಾಂ, ತುರಿದ ಗಟ್ಟಿ ಚೀಸು 150 ಗ್ರಾಂ, ಮೂರು ಮೊಟ್ಟೆ, ಕೊತ್ತಂಬರಿ, ಮೆಣಸು, ಗಟ್ಟಿಯೆನಿಸಿದರೆ ಒಂದು ಗುಟುಕು ಹಾಲು. ಉಂಡೆ ಕಟ್ಟಿ ಕರಿದು ಗೊಜ್ಜಿಗೆ ಬಿಟ್ಟರೆ ಹೀರಿ ಉಬ್ಬುತ್ತವೆ. ಮೊಟ್ಟೆಯೂ ಬೇಡವೆಂದರೆ ಹಳೆಮೈಸೂರಿನವರ ನುಚ್ಚಿನುಂಡೆಯನ್ನು ಕರೆತರುವುದು ಲೇಸು. ತೊಗರಿಬೇಳೆಯನ್ನು ಎರಡು ಗಂಟೆ ನೆನೆಸಿ, ನೀರಿಲ್ಲದೆ ತರಿಯಾಗಿ ರುಬ್ಬಿ, ಕಾಯಿತುರಿ ಬಿಟ್ಟು ಮಿಕ್ಕಿದ್ದನ್ನು ಸೇರಿಸಿ, ಹಬೆಯಲ್ಲಿ ಇಪ್ಪತ್ತು ನಿಮಿಷ ಬೇಯಿಸಿ, ಎಣ್ಣೆಯಲ್ಲಿ ಹೊರಳಿಸಿ ಪಾಸ್ತಾದೊಳಗೆ ಹುದುಗಿಸಿ. ಪದಾರ್ಥದ ನಡುವೆ ಪನೀರಿನ ಚೌಕಗಳನ್ನು ಹಾಕುವುದಕ್ಕಿಂತ ಇದು ಎಷ್ಟೋ ಪಾಲು ಉತ್ತಮ. ತೊಗರಿ ಕಲಬುರಗಿಯದಾದರೆ ಕೇಳುವುದೇ ಬೇಡ.

ಮಿಕ್ಕಿದ್ದನ್ನು ತಂಪುಪೆಟ್ಟಿಗೆಯಲ್ಲಿ ಎರಡು ದಿನ ಇಡಬಹುದು. ಮರುದಿನ ಬೆಳಿಗ್ಗೆ ಚೌಕವಾಗಿ ಕೊಯ್ದು, ಹಂಚಿನ ಮೇಲೆ ಒಂದು ಚಮಚ ಎಣ್ಣೆಯಲ್ಲಿ ಎರಡೂ ಮಗ್ಗುಲು ಕರಿಗೊಳಿಸಿದರೆ ಅಂಚೆಲ್ಲ ಗರಿಗರಿಯಾಗುತ್ತದೆ. ನೇಪಲ್ಸಿನವರು ಮಿಕ್ಕ ಪಾಸ್ತಾಕ್ಕೆ ಮೊಟ್ಟೆ ಒಡೆದು ಹಾಕಿ ದಪ್ಪ ದೋಸೆಯಂತೆ ಸುಟ್ಟು ಬುತ್ತಿ ಕಟ್ಟಿಕೊಂಡು ಹೋಗುತ್ತಾರೆ. ಮೊದಲ ದಿನವಾದರೂ ಮರುದಿನವಾದರೂ ಪಾತ್ರೆಯ ನಾಲ್ಕು ಮೂಲೆಗಳ ತುಂಡಿಗೆ ಜಗಳ ತಪ್ಪದು. ಮನೆಯಲ್ಲಿ ಮಕ್ಕಳು ನಾಲ್ಕಕ್ಕಿಂತ ಹೆಚ್ಚಿದ್ದರೆ ಎರಡು ಸಣ್ಣ ಪಾತ್ರೆಗಳಲ್ಲಿ ಮಾಡುವುದು ಒಳ್ಳೆಯದು.